ಮೂರು ದಿನದ ಮಸಿ

ಬಸ್ಸಿನಲ್ಲಿ ನನ್ನ ಮುಂದಿನ ಸೀಟಿನಲ್ಲಿ ತಾಯಿ, ಮಗಳು ಕೂತಿದ್ದರು. ಮಗಳ ಉಗುರಿನ ಸಂದಿಯಲ್ಲೆಲ್ಲ ಕಪ್ಪು ಬಣ್ಣ. ತಾಯಿಯ ತೊಡೆಯ ಮೇಲೆ ಖಾಲಿ ಊಟದ ಡಬ್ಬಿ.

"ಊಟ ತಂದವಳು ಕೊಟ್ಟು ಹೋಗೋದಲ್ವಾ ಅಮ್ಮ? ಸೆಟ್ಟಿನ ಗೋಡೆ ಯಾಕೆ ಒರೆಸಿದೆ?"

"ಮಸಿ ಹಿಡಿದಿತ್ತು, ಒರೆಸಿದೆ."

"ಹಿಡಿದಿದ್ದಲ್ಲ, ನಾನು ಹಿಡಿಸಿದ್ದು. ಸಿನಿಮಾದಲ್ಲಿ ಅದು ಐವತ್ತು ವರ್ಷದ ಅಡುಗೆಮನೆ. ಮೂರು ದಿನ ಮಾಡಿದ್ದು ಹೊಳೇಲಿ ಹುಣಸೇಹಣ್ಣು ತೊಳೆದ ಹಾಗಾಯ್ತು."

"ಹೊಸ ಗೋಡೆಗೆ ಯಾರಾದ್ರೂ ಮಸಿ ಬಳೀತಾರಾ?"

"ನಾನು ಬಳೀತೀನಿ. ಇಪ್ಪತ್ತು ವರ್ಷದಿಂದ ಸೆಟ್ಟೆಲ್ಲ ರೂಪಿಸೋ ಪ್ರೊಡಕ್ಷನ್ ಡಿಸೈನರ್ ನಾನು. ನೀನು ಇನ್ನೂ ನೆಂಟರಿಗೆಲ್ಲ ಪೇಂಟರ್ ಅಂತ ಹೇಳ್ತೀಯ."

"ಬಣ್ಣ ಬಳಿಯೋರಿಗೆ ಮತ್ತೇನಂತಾರೆ?"

"ನಾಳೆ ಬೆಳಿಗ್ಗೆ ಶೂಟಿಂಗು. ಅಷ್ಟು ದೊಡ್ಡ ಸೆಟ್ಟಲ್ಲಿ ನಿನಗೆ ಆ ಗೋಡೇನೇ ಬೇಕಿತ್ತಾ?"

ತಾಯಿ ಡಬ್ಬಿಯ ಮುಚ್ಚಳ ತೆಗೆದು ಮತ್ತೆ ಹಾಕಿದರು.

"ಅದು ನಮ್ಮ ಹಳೇಮನೆ ಅಡುಗೆಮನೆ ಕಣೇ. ನಿಮ್ಮಪ್ಪ ಹೊಡೆದ ಸೊಟ್ಟ ಹಲಗೇನೂ ಹಾಗೇ ಮಾಡಿಟ್ಟಿದ್ದೀಯ. ಅಷ್ಟು ಗಲೀಜಾಗಿ ಇಟ್ಕೊಂಡಿದ್ದೆ ಅಂತ ಊರೋರೆಲ್ಲ ನೋಡ್ಬೇಕಾ?"

ನಿಲ್ದಾಣ ಬಂತು. ಇಬ್ಬರೂ ಎದ್ದರು.

"ಈಗ ಮತ್ತೆ ಬಳೀತೀಯಾ?"

"ಮತ್ತಿನ್ನೇನು, ಬಣ್ಣದಂಗಡಿಗೆ ಸುಮ್ನೆ ಬಂದಿದ್ದೀವಾ?"

"ಹಾಗಾದ್ರೆ ನೆಟ್ಟಗೆ ಬಳಿ," ಎನ್ನುತ್ತ ತಾಯಿ ಮೊದಲು ಇಳಿದರು. "ಒಲೆ ನೇರಕ್ಕಲ್ಲ, ಎಡಗಡೆಗೆ. ನಮ್ಮನೆ ಹೊಗೆ ಯಾವಾಗ್ಲೂ ಕಿಟಕಿ ಕಡೇನೇ ಹೋಗ್ತಿತ್ತು."