ಮಸ್ಕತ್ತಿನ ಕಂಬಕ್ಕೆ ಕಡ್ಲೆಕಾಯಿ ಮೂಟೆ ಗಂಟು

...ನಗ್ಬೇಡ ಕಣಮ್ಮ ಸುಮಾ, ಹಿಂದೂಪುರದ ಮಗ್ಗದ ಮನೇಲಿ ಹುಟ್ಟಿದ ಈ ನಿನ್ನ ದೊಡ್ಡಪ್ಪ ಮಸ್ಕತ್ತಲ್ಲಿ ಹನ್ನೊಂದು ವರ್ಷ ಸೇತುವೆ ಕಟ್ಟಿದ ಇಂಜಿನಿಯರು. ಬಿಸ್ಲು ಅಂದ್ರೆ ಏನು ಬಿಸ್ಲು! ನಾನು ಸೈಟಿಗೆ ಇಳಿದ್ರೆ ಸೂರ್ಯನೇ ಬಂದು ನನ್ನ ಹೆಲ್ಮೆಟ್ಟಿನ ನೆರಳಲ್ಲಿ ನಿಂತ್ಕೊತಿದ್ದ. ಒಂಟೆಗಳು ಎದ್ದು ದಾರಿ ಬಿಡ್ತಿದ್ವು. ಸರಿ, ಒಂಟೆ ಮಾತು ಸುಳ್ಳು, ಬಿಡು. ಸೇತುವೆ ಮಾತ್ರ ನಿಜ. ನೀನು ಸಿವಿಲ್ ಓದ್ತಾ ಇದ್ದೀಯ, ನಿಂಗೆ ಗೊತ್ತಲ್ಲ, ಕಂಬಕ್ಕೆ ಕಾಂಕ್ರೀಟು ಹಾಕೋವಾಗ ಅದೇ ಕಲಸಿದ್ರಲ್ಲಿ ನಾಲ್ಕು ಅಚ್ಚು ತುಂಬಿ ಇಟ್ಕೊತೀವಿ, ಇಪ್ಪತ್ತೆಂಟು ದಿನ ನೀರಲ್ಲಿ ನೆನೆಸಿ ಆಮೇಲೆ ಮಿಷಿನ್ನಲ್ಲಿಟ್ಟು ಒಡೀತೀವಿ. ಅಚ್ಚು ಗಟ್ಟಿ ಅಂದ್ರೆ ಕಂಬ ಗಟ್ಟಿ. ಯಾರೂ ಅಚ್ಚು ಬದಲಾಯಿಸ್ಬಾರ್ದು ಅಂತ ನಾನೊಂದು ಗುರ್ತು ಮಾಡ್ದೆ. ಕೆಂಪು ನೂಲು, ಬಿಳಿ ನೂಲು ಸೇರ್ಸಿ ಗಂಟು ಹಾಕಿ ಹಸಿ ಕಾಂಕ್ರೀಟಲ್ಲಿ ಒತ್ತೋದು. ಮಗ್ಗದಲ್ಲಿ ಎಳೆ ಕಡಿದ್ರೆ ನಮ್ಮಮ್ಮ ಹಾಕ್ತಿದ್ದ ಗಂಟು ಅದು, ಸಾಸಿವೆ ಕಾಳಿನಷ್ಟು.

ಆಗ ನನ್ನ ಜೊತೆಗಿದ್ದೋನು ಕಲ್ಯಾಣದುರ್ಗದ ಕಡೆಯ ತಿಪ್ಪೇಶಿ. ಡಿಪ್ಲೊಮಾ ಮಾಡಿ ಕೆಲ್ಸ ಇಲ್ದೆ ಬೆಳುಗುಪ್ಪದ ಹೊಲದಲ್ಲಿ ಕಡ್ಲೆಕಾಯಿ ಮೂಟೆ ಕಟ್ತಿದ್ದ. ಅವನಮ್ಮ ನನ್ನ ಎರಡೂ ಕೈ ಹಿಡ್ಕಂಡು, "ನಿನ್ನ ತಮ್ಮ ಅಂದ್ಕೋ ನಾಯ್ನಾ" ಅಂದ್ಲು. ಕರ್ಕಂಡು ಹೋದೆ. ಒಂದೇ ರೂಮು, ಒಂದೇ ಪಾತ್ರೆ ಮುದ್ದೆ. ನನ್ನ ನೂಲಿನ ಡಬ್ಬಿ ಎಲ್ಲಿರುತ್ತೆ ಅನ್ನೋದು ನನಗಿಂತ ಅವನಿಗೇ ಚೆನ್ನಾಗಿ ಗೊತ್ತಿತ್ತು.

ಮೂರನೇ ಕಂಬ ಹಾಕೋ ದಿನ ನಂಗೆ ಜ್ವರ. ಫೋನಲ್ಲಿ, "ಅಚ್ಚು ತುಂಬುದ್ಯೇನ್ಲಾ?" ಅಂದೆ. "ಏಂ ಕಾದು, ಏನೂ ಆಗಲ್ಲ ಅಣ್ಣಾ, ನಾನಿಲ್ವಾ? ನೀನು ಮಲ್ಕ" ಅಂದ. ಮಲ್ಕಂಡೆ. ಇಪ್ಪತ್ತೆಂಟನೇ ದಿನ ಮಿಷಿನ್ನಲ್ಲಿಟ್ರೆ, ಅಬ್ಬಾ, ಒಡೀಲೇ ಒಲ್ಲದು! ಎಲ್ರೂ ಚಪ್ಪಾಳೆ. ನಾನು ಸಿಂಹದಂಗೆ ಸಹಿ ಹಾಕ್ದೆ. ಕೊನೆಗೂ ಅದು ಒಡೀತಲ್ಲ, ಆಗ ಚೂರು ಎತ್ಕಂಡು ನೋಡ್ತೀನಿ, ನೂಲು ನಂದೇ, ಗಂಟು ನಮ್ಮಮ್ಮಂದಲ್ಲ. ಕಡ್ಲೆಕಾಯಿ ಮೂಟೆ ಬಾಯಿಗೆ ಹಾಕೋ ದಪ್ಪ ಗಂಟು.

"ತಿಪ್ಪೇಶೀ, ಇದೇನ್ಲಾ?" ಅಂದೆ. ನೆಲ ನೋಡ್ದ. ಬಿಸ್ಲಿಗೆ ಕಾಂಕ್ರೀಟು ಗಟ್ಟಿಯಾಗ್ತಾ ಬಂತಂತೆ, ಬೇಗ ಸುರಿದು ಮುಗಿಸೋಣ ಅಂತ ನೀರು ಹುಯ್ದ್ಬುಟ್ನಂತೆ. ನೀರು ಜಾಸ್ತಿಯಾದ್ರೆ ಕಂಬಕ್ಕೆ ಬಲ ಎಲ್ಲಿಂದ ಬರ್ಬೇಕು? ಅದನ್ನ ಮುಚ್ಚಾಕೋಕೆ ಬೇರೆ ಒಳ್ಳೆ ಕಲಸು ಮಾಡಿ ಅಚ್ಚು ತುಂಬಿ, ನನ್ನ ಗುರ್ತು ಒತ್ಬುಟ್ಟಿದ್ದ. "ಸುಮ್ನಿದ್ಬುಡಣ್ಣಾ, ಯಾರಿಗ್ ಗೊತ್ತಾಯ್ತದೆ?"

"ನಂಗೆ ಗೊತ್ತಾಯ್ತಲ್ಲ ಕಣ್ಲಾ!" ಅಂದೆ. ಆ ಕಂಬದ ಮೇಲೆ ಬಸ್ಸು ಓಡಾಡ್ಬೇಕು. ಮ್ಯಾನೇಜರ್ ಹತ್ರ ಹೋಗಿ ಇದ್ದದ್ದು ಇದ್ದಂಗೆ ಹೇಳ್ದೆ. ತಿಪ್ಪೇಶಿನ ಕರೆಸಿದ್ರು. ನನ್ನ ತಮ್ಮ, ಒಂದೇ ಪಾತ್ರೆಲಿ ಉಂಡೋನು, ಕಣ್ಣಲ್ಲಿ ನೀರಾಕ್ಕಂಡು ಏನಂದ ಗೊತ್ತಾ? "ಅಣ್ಣಾನೇ ಹಿಂಗ್ ಮಾಡು ಅಂದಿದ್ದು ಸಾರ್. ನೋಡಿ, ನೂಲು ಅವ್ರದ್ದೇ."

ನಾನು ಅವ್ರ ಮುಂದೆ ಎರಡು ಗಂಟೂ ಹಾಕಿ ತೋರ್ಸ್ದೆ. ಇದು ನೇಕಾರ್ದು, ಇದು ಮೂಟೇದು ಅಂದೆ. ಅರ್ಥ ಆಯ್ತು ಅಂದ್ರು. ಕಂಬ ಒಡೆಸಿದ್ರು. ಆದ್ರೆ ಸಹಿ ನಿಂದೇ ಅಲ್ವಾ ಅಂದ್ರು. ಇಬ್ರನ್ನೂ ಮನೆಗೆ ಕಳಿಸಿದ್ರು, ಒಂದೇ ವಿಮಾನದಲ್ಲಿ, ಅದೂ ಪಕ್ಕಪಕ್ಕದ ಸೀಟಲ್ಲಿ! ನಾನಿರೋ ವಿಮಾನ ಅಂತ ಪೈಲೆಟ್ಟೂ ಹೆದರಿ ಓಡಿಸ್ತಿದ್ದ, ಅದಿರ್ಲಿ. ಅರ್ಧ ದಾರಿ ಅವ್ನು ನನ್ನ ಭುಜದ ಮೇಲೇ ತಲೆ ಇಟ್ಟು ಗೊರಕೆ ಹೊಡ್ದ. ಎದ್ದೋನು ಕಣ್ಣುಜ್ಕಂಡು ಕೇಳ್ತಾನೆ, "ಅಣ್ಣಾ, ನಿಮ್ಮಮ್ಮನ ಆ ಗಂಟು ಹೆಂಗಣ್ಣಾ ಹಾಕಾದು? ಒಂದ್ಸಲ ತೋರ್ಸು."

ನಾನು ಕಿಟಕಿ ಕಡೆ ತಿರುಕ್ಕಂಡೆ.

ನಾಳೆ ನೀನು ಸೈಟಿಗೆ ಹೋಗ್ತೀಯ. ತಮ್ಮನೇ ಅಚ್ಚು ತಂದು ಕೊಟ್ರೂ ಮೊದ್ಲು ಗಂಟು ನೋಡು, ಆಮೇಲೆ ಸಹಿ ಹಾಕು. ಬಾ ಇಲ್ಲಿ, ಆ ನೂಲು ಕೊಡು. ಹೆಬ್ಬೆರಳು ಹಿಂಗಿಡು.