ಎಡಕ್ಕೆ ನುಡಿದ ಹಾಲಕ್ಕಿ

ನೆರೂಳದ ಆಸ್ಪತ್ರೆಯೊಂದರ ಐಸಿಯು ಹೊರಗೆ ನನ್ನ ಪಕ್ಕದಲ್ಲಿ ಒಬ್ಬ ಮುದುಕಿಯೂ ಅವಳ ಮಗನೂ ಕುಳಿತಿದ್ದರು. ಒಳಗೆ ಅವನ ಹೆಂಡತಿ ಸ್ನೇಹಲ್ ಇದ್ದಳು. ನಾನು ಮೊಬೈಲ್ ನೋಡುವ ನಟನೆ ಮಾಡುತ್ತಿದ್ದೆ.

“ರಾಜಾ, ಮೊನ್ನೆ ಸಂಜಿಗೇ ಕರಕೊಂಡು ಬಂದಿದ್ರ ಇಷ್ಟಾಗತಿರಲಿಲ್ಲೇನೋ?”

“ಈಗ್ಯಾಕ ಆ ಮಾತವ್ವಾ.”

“ರಿಕ್ಷಾ ಬಂದು ನಿಂತಿತ್ತು. ನಾನೇ ತಡದೆ. ಹಾಲಕ್ಕಿ ಎಡಕ್ಕ ನುಡೀತು. ಗೂಬಿ ಎಡಕ್ಕ ಕೂಗಿದ್ರ ಹೊಸ್ತಿಲಾ ದಾಟಬಾರದು, ಬೆಳಗಾಗಲಿ ಅಂದೆ.”

“ಅದು ದಿನಾ ಸಂಜಿಗೆ ಕೂಗತೈತಿ. ಮಳಿಗಾಲದಾಗ ಅಷ್ಟು ಕೂಗಂಗಿಲ್ಲ. ಈಗ ಫೆಬ್ರವರಿ, ಜೋಡಿ ಕೂಡೂ ಕಾಲ. ಗಂಡು ಹೆಣ್ಣನ್ನ ಕರೀತೈತಿ. ಆಮ್ಯಾಲ ಬ್ಯಾಸಿಗ್ಯಾಗ ಹಸದ ಮರಿ ಕೂಗತಾವ.”

“ಇದನ್ನೆಲ್ಲಾ ನಿನಗ ಯಾರು ಹೇಳಿದ್ರು?”

“ಸ್ನೇಹಲ್. ಬಾಲ್ಕನಿಯಾಗ ನಿಂತು ಪ್ರತಿ ವರ್ಷ ಅದನ್ನ ನೋಡ್ತಾಳ. ಮೊನ್ನೆ ಉಸಿರು ಕಟ್ಟಿದಾಗನೂ ನನ್ನ ಕಿವಿಯಾಗ ಅಂದ್ಲು, ‘ಅದು ನಮಗ ಕೂಗಿದ್ದಲ್ಲ, ಹೋಗೂಣು ನಡೀರಿ’ ಅಂತ.”

“ಮತ್ತ ನೀ ಯಾಕ ಬಾಯಿ ಬಿಡಲಿಲ್ಲೋ?”

“ನಿನ್ನ ಮಾತು ಹೆಂಗ ಮೀರಲಿ ಅಂತ ಸುಮ್ಮನಾದೆ.”

“ಮೀರಬೇಕಿತ್ತೋ ನನ್ನಪ್ಪಾ! ನನ್ನ ದೂಡಿ ಹೋಗಬೇಕಿತ್ತು.”

ಅಷ್ಟರಲ್ಲಿ ನರ್ಸ್ ಬಾಗಿಲು ತೆರೆದಳು. ಪೇಶಂಟ್ ಕಣ್ಣು ಬಿಡುತ್ತಿಲ್ಲ, ಗಂಡ ಒಬ್ಬರೇ ಒಳಗೆ ಬಂದು ಹೆಸರು ಹಿಡಿದು ಕರೆಯಬೇಕು ಎಂದಳು. ಅವನು ಎದ್ದು ನಿಂತು ತಾಯಿಯ ಮುಖ ನೋಡಿದ. ಮುದುಕಿ ಅವನ ಬೆನ್ನಿಗೆ ಎರಡೂ ಕೈ ಹಚ್ಚಿ ದೂಡಿದಳು.

“ಜೋರಾಗಿ ಕರಿ. ನನ್ನ ಮಾರಿ ನೋಡಬ್ಯಾಡ.”

ಬಾಗಿಲು ಮುಚ್ಚಿತು. ಅವನು ಕರೆಯುವುದು ಹೊರಗೂ ಕೇಳುತ್ತಿತ್ತು.