ಕೈಗೆ ಇಪ್ಪತ್ತನಾಲ್ಕು, ದೇಹಕ್ಕೆ ಎಂಟು

ಮಾನ್ಯ ಅಧ್ಯಕ್ಷರಾದ ಮೋಹನ್ ಕುಮಾರ್ ಅವರೇ, ವೇದಿಕೆಯ ಮೇಲಿರುವ ಹಿರಿಯರೇ, ಭಾನುವಾರದ ಕೆಲಸಗಳನ್ನು ಬದಿಗಿಟ್ಟು ಬಂದಿರುವ ಮೂಡಲಪಾಳ್ಯದ ಬಂಧುಗಳೇ, ಸಭಿಕರೇ,

ಮೂವತ್ತೊಂದು ವರ್ಷ ನಿಮ್ಮ ಮೂಳೆಗಳನ್ನು ಕೂಡಿಸಿದ್ದಕ್ಕೆ ಶಾಲು ಹೊದಿಸಿದ್ದೀರಿ. ಸಂತೋಷ. ಈಗೀಗ ನನ್ನ ಮಂಡಿಯೇ ನನ್ನ ಮಾತು ಕೇಳುವುದಿಲ್ಲ, ಹಾಗಾಗಿ ನಿವೃತ್ತಿಗೆ ಇದು ಸಕಾಲ. ಮನೆಯಲ್ಲಿ ನನ್ನಿಂದ ಎಷ್ಟು ಉಪಯೋಗ ಎಂದು ನನ್ನ ಹೆಂಡತಿ ಕುಸುಮಾಳನ್ನು ಕೇಳಿದರೆ, ಎರಡು ಪರ್ಸೆಂಟ್ ಎನ್ನುತ್ತಾಳೆ.

ಅಧ್ಯಕ್ಷರು ಈಗ ತಾನೇ ಒಂದು ಮಾತು ಹೇಳಿದರು. ಅಪಘಾತದ ಕೇಸುಗಳಲ್ಲಿ ಡಾಕ್ಟರ್ ಚನ್ನಕೇಶವ ನಿಷ್ಪಕ್ಷಪಾತವಾಗಿ ಸಾಕ್ಷಿ ಹೇಳಿದವರು, ಒಂದು ಪರ್ಸೆಂಟನ್ನೂ ಹೆಚ್ಚಿಗೆ ಬರೆದುಕೊಡದವರು ಎಂದರು. ನೀವು ಚಪ್ಪಾಳೆ ತಟ್ಟಿದಿರಿ. ಹೆಚ್ಚಿಗೆ ಬರೆಯಲಿಲ್ಲ ಎಂಬುದು ನಿಜ. ಕಡಿಮೆ ಬರೆದೆನೇ ಎಂದು ಯಾರೂ ಕೇಳಲಿಲ್ಲ.

ನಮ್ಮ ಪದ್ಧತಿ ಹೀಗೆ. ಆಪರೇಷನ್ ಮಾಡಿದ ಡಾಕ್ಟರೇ ವರ್ಷದ ಮೇಲೆ ಗಾಯಾಳುವನ್ನು ಪುನಃ ನೋಡುತ್ತಾನೆ. ಕೈ ಎಷ್ಟು ಮಡಚುತ್ತದೆ, ಎಷ್ಟು ತಿರುಗುತ್ತದೆ ಎಂದು ಅಳೆದು, ಆ ಕೈಗೆ ಇಷ್ಟು ಪರ್ಸೆಂಟ್ ಊನ ಎಂದು ಬರೆಯುತ್ತಾನೆ. ಅದರ ಮೂರನೇ ಒಂದು ಭಾಗ ಇಡೀ ದೇಹದ ಊನ. ಪರಿಹಾರ ನಿಲ್ಲುವುದು ಅದರ ಮೇಲೆ. ಪರೀಕ್ಷೆ ಬರೆದವನೇ ಮಾರ್ಕ್ಸ್ ಹಾಕಿಕೊಂಡರೆ ಹೇಗೆ? ಊನ ಹೆಚ್ಚು ಎಂದರೆ, ನನ್ನ ಕೆಲಸ ಕೆಟ್ಟಿದೆ ಎಂದು ನಾನೇ ಒಪ್ಪಿಕೊಂಡಂತೆ ಅಲ್ಲವೇ?

ಹೆಗ್ಗನಹಳ್ಳಿಯ ಮುನಿತಾಯಮ್ಮ ಮನೆಯಲ್ಲೇ ಊದುಬತ್ತಿ ಹೊಸೆಯುತ್ತಿದ್ದವರು. ಗಂಡ ತೀರಿಕೊಂಡ ಮೇಲೆ ಸಂಸಾರ ನಡೆದದ್ದು ಆ ಕೈಯಿಂದಲೇ. ಹೊಸೆದ ಕಟ್ಟುಗಳನ್ನು ಕೊಟ್ಟು ಬರುವಾಗ ಟೆಂಪೋ ಗುದ್ದಿ ಬಲಗೈ ಮಣಿಕಟ್ಟು ಮುರಿಯಿತು. ಪ್ಲೇಟ್ ಹಾಕಿದವನು ನಾನು. ವರ್ಷದ ಮೇಲೆ ಸರ್ಟಿಫಿಕೇಟಿಗೆ ಬಂದಾಗ ಕೈ ಹೇಗಿದೆಯಮ್ಮಾ ಎಂದು ಕೇಳಿದೆ.

"ಪರವಾಗಿಲ್ಲ ಸಾರ್. ಏನೋ ನಿಮ್ಮ ಕೈಗುಣ, ಕೈ ಉಳೀತು," ಎಂದರು.

ನಮ್ಮ ಜನ ಡಾಕ್ಟರ ಮುಂದೆ ಇನ್ನೇನು ಹೇಳುತ್ತಾರೆ? ಇಲ್ಲಿ ಕುಳಿತಿರುವ ನೀವೂ ಎಷ್ಟು ಜನ ನೋವು ನುಂಗಿಕೊಂಡು ನನಗೆ ಪರವಾಗಿಲ್ಲ ಸಾರ್ ಎಂದಿಲ್ಲ? ಅದು ಮರ್ಯಾದೆಯ ಮಾತು. ನಾನು ಅದನ್ನು ಸಾಕ್ಷ್ಯ ಮಾಡಿಕೊಂಡೆ. ನೋವಿಲ್ಲ ಎಂದು ಬರೆದೆ. ಕೈಗೆ ಇಪ್ಪತ್ತನಾಲ್ಕು, ದೇಹಕ್ಕೆ ಎಂಟು. ಕೋರ್ಟಿನಲ್ಲಿ ವಿಮಾ ಕಂಪನಿಯ ವಕೀಲರು ಕೇಳಿದಾಗ, ಸ್ವಲ್ಪ ಕಷ್ಟಪಟ್ಟರೆ ಹಿಂದಿನ ಕೆಲಸ ಮಾಡಬಹುದು ಎಂದೆ. ಊದುಬತ್ತಿ ಹೊಸೆಯುವುದನ್ನು ನಾನು ಕಣ್ಣಿನಿಂದ ನೋಡಿಯೂ ಇರಲಿಲ್ಲ.

ಕೋರ್ಟಿನ ಹೊರಗೆ ಆಕೆ ನಿಂತಿದ್ದರು.

"ಸಾರ್, ಅಂಗೈ ಮಣೆ ಮೇಲೆ ಊರಕ್ಕೇ ಆಗಲ್ವಲ್ಲ. ಹೆಂಗೆ ಹೊಸೀಲಿ?"

"ಅವತ್ತು ಪರವಾಗಿಲ್ಲ ಅಂದ್ರಲ್ಲಮ್ಮಾ?"

"ನಿಮ್ಮ ಮನಸ್ಸಿಗೆ ಬೇಜಾರಾಗ್ಬಾರ್ದು ಅಂತ ಅಂದೆ ಸಾರ್."

ನನಗೆ ನಾಚಿಕೆಯಾಯಿತು. ಆದರೂ ಒಳಗೆ ಹೋಗಿ ಮಾತು ತಿದ್ದಲಿಲ್ಲ.

ಪರಿಹಾರ ಎಂಟು ಪರ್ಸೆಂಟಿನ ಲೆಕ್ಕದಲ್ಲೇ ಬಂತು. ಆಕೆ ಮೇಲ್ಮನವಿ ಹಾಕಿದರು. ಅವರ ವಕೀಲೆ ಮಾನಸ ಕಳೆದ ವರ್ಷ ಮೂರು ಸಲ ನನ್ನ ಹತ್ತಿರ ಬಂದರು. "ಡಾಕ್ಟ್ರೇ, ಆ ಕೈಯಲ್ಲಿ ಬತ್ತಿ ಹೊಸಿಯೋಕಾಗಲ್ಲ ಅಂತ ಒಂದು ಅಫಿಡವಿಟ್ ಕೊಡಿ, ಸಾಕು," ಎಂದರು. ನಿವೃತ್ತಿಯಾಗಲಿ, ನೋಡೋಣ ಎಂದೆ. ಯಾಕೆ ಹಾಗೆಂದೆ? ಬಿಡುವಿರಲಿಲ್ಲ ಎಂದು ಕುಸುಮಾಗೆ ಹೇಳಿದ್ದೇನೆ. ಅದು ಸುಳ್ಳು. ಹಳೆಯ ಎಕ್ಸ್‌ರೇ ಮತ್ತೆ ಹೊರಗೆ ತೆಗೆಯುತ್ತಾರೆ ಎಂಬ ಭಯ. ಅದರಲ್ಲಿ ಮೂಳೆ ಓರೆಯಾಗಿ ಕೂಡಿದೆ. ಸರ್ಟಿಫಿಕೇಟ್ ಬರೆದ ದಿನವೇ ನನಗದು ಕಂಡಿತ್ತು.

ಕ್ಷಮಿಸಿ, ಬರೆದುಕೊಂಡು ಬಂದ ಹಾಳೆಯಲ್ಲಿ ಇದೆಲ್ಲ ಇಲ್ಲ. ಅದರಲ್ಲಿ ಕ್ಯಾಲ್ಸಿಯಂ ಬಗ್ಗೆ ನಾಲ್ಕು ಮಾತಿತ್ತು, ಹೆಲ್ಮೆಟ್ ಬಗ್ಗೆ ಎರಡು. ಅವು ನಿಮಗೆ ಗೊತ್ತಿರುವುದೇ.

ಈಗ ಹೇಳುತ್ತಿದ್ದೇನೆ, ಮುನಿತಾಯಮ್ಮ ಆ ಕೈಯಲ್ಲಿ ಊದುಬತ್ತಿ ಹೊಸೆಯಲಾರರು. ಒಂದೇ ಒಂದು ಕಡ್ಡಿಯನ್ನೂ ಹೊಸೆಯಲಾರರು. ನೋಡಿ, ಎಷ್ಟು ಸಲೀಸಾಗಿ ಬಂತು ಮಾತು. ಇಲ್ಲಿ ಪ್ರಮಾಣ ಮಾಡಿಸುವವರಿಲ್ಲ, ಟೈಪ್ ಮಾಡಿಕೊಳ್ಳುವವರೂ ಇಲ್ಲ. ಈ ಮಾತಿಗೆ ಬೆಲೆ ಇದ್ದದ್ದು ಒಂದೇ ಜಾಗದಲ್ಲಿ, ಅಲ್ಲಿಗೆ ನಾನು ಹೋಗಲಿಲ್ಲ. ಮೇಲ್ಮನವಿ ಕಳೆದ ಶುಕ್ರವಾರ ವಜಾ ಆಯಿತು. ಡಾಕ್ಟರ ಸಾಕ್ಷ್ಯವನ್ನು ನಂಬದಿರಲು ಕಾರಣವಿಲ್ಲ ಎಂದು ತೀರ್ಪಿನಲ್ಲಿ ಬರೆದಿದ್ದಾರಂತೆ.

ಇಷ್ಟು ಹೊತ್ತು ಕೇಳಿಸಿಕೊಂಡಿರಿ, ನಿಮಗೆಲ್ಲ ವಂದನೆಗಳು. ನಮಸ್ಕಾರ.